ಅತ್ತಿಗೆಯ ಕೈಬರಹದ ಸಾವಿರದ ಮುನ್ನೂರು ಮೊಳೆಗಳು

ಸಿಯೋಲ್, ಕ್ಯೋಂಜಿ ಬೀದಿ
೧೨ ಅಕ್ಟೋಬರ್ ೧೯೩೮

ಸೊಲಾನ್ ಹಳ್ಳಿಯ ದೊಡ್ಡಮನೆಯ ಅತ್ತಿಗೆಯವರಿಗೆ, ನಿಮ್ಮ ತಂಗಿಯ ಗಂಡ ಪ್ಯೋ ಇನ್‌ಹ್ವಾನ್ ಮಾಡುವ ನಮಸ್ಕಾರಗಳು.

ನಿಮ್ಮ ತಂಗಿ ಬುನ್ನಾಮ್ ಹೋಗಿ ಎರಡು ವರ್ಷ ತುಂಬಿತು. ಮೊನ್ನೆ ತಿಥಿಯ ದಿನ ಎಡೆ ಇಡುವಾಗ ಕೆಂಪು ಹಣ್ಣು ಪೂರ್ವಕ್ಕೋ ಬಿಳಿ ಹಣ್ಣು ಪೂರ್ವಕ್ಕೋ ಎಂದು ಗೊಂದಲವಾಯಿತು. ಒಮ್ಮೆ ಹಾಗೆ ಇಟ್ಟೆ, ಒಮ್ಮೆ ಹೀಗೆ ಇಟ್ಟೆ, ಹೇಗಿಟ್ಟರೂ ಅವಳು ನಗುತ್ತಾಳೆ ಎಂದು ಕೊನೆಗೆ ಬಿಟ್ಟುಬಿಟ್ಟೆ. ಮಕ್ಕಳಿಲ್ಲದ ಮನೆಯಲ್ಲಿ ಹೇಳಿಕೊಡುವವರು ಯಾರು? ನೀವಿದ್ದಿದ್ದರೆ ಕಣ್ಣಲ್ಲೇ ಗದರುತ್ತಿದ್ದಿರಿ.

ಈ ಪತ್ರ ಬರೆಯುತ್ತಿರುವುದು ಅದಕ್ಕಲ್ಲ. ನೇರವಾಗಿ ವಿಷಯಕ್ಕೆ ಬರುತ್ತೇನೆ, ಬರುತ್ತೇನೆ ಎಂದುಕೊಂಡೇ ಎರಡು ಹಾಳೆ ಹರಿದು ಹಾಕಿದ್ದಾಯಿತು.

ಇಪ್ಪತ್ತಾರು ವರ್ಷದಿಂದ ಅಚ್ಚುಕೂಟ ನಡೆಸುತ್ತಿದ್ದೇನೆ. ಪಂಚಾಂಗ, ಮನೆತನಗಳ ವಂಶಾವಳಿ, ಸಂತೆಯಲ್ಲಿ ಚಾಪೆ ಹಾಸಿ ಮಾರುವ ಬಣ್ಣದ ಹೊದಿಕೆಯ ಕಥೆಗಳು, ಎಲ್ಲವನ್ನೂ ಅಚ್ಚು ಹಾಕಿದ್ದೇನೆ. ಈ ವಸಂತದಲ್ಲಿ ಜಪಾನಿ ಸರ್ಕಾರದ ಆಜ್ಞೆಯಿಂದ ಶಾಲೆಗಳಲ್ಲಿ ನಮ್ಮ ಭಾಷೆಯ ಪಾಠ ನಿಂತುಹೋಯಿತು. ಇನ್ನು ಮುಂದೆ ಹುಡುಗಿಯರು ನಮ್ಮ ಅಕ್ಷರ ಕಲಿತರೆ ಅಡುಗೆಮನೆಯಲ್ಲಿ ಅಜ್ಜಿಯಿಂದ ಕಲಿಯಬೇಕು, ಅಜ್ಜಿ ಇಲ್ಲದವರು ಪುಸ್ತಕ ನೋಡಿ ಕಲಿಯಬೇಕು. ಆ ಪುಸ್ತಕವನ್ನು ನಾನು ಮಾಡುತ್ತೇನೆ. ಆದರೆ ನನ್ನ ಸೀಸದ ಅಚ್ಚುಮೊಳೆಗಳು ಸವೆದು ಹಲ್ಲಿಲ್ಲದ ಬಾಯಿಯಂತಾಗಿವೆ. ಹೊಸದಿದ್ದಾಗಲೂ ಚೆನ್ನಾಗಿರಲಿಲ್ಲ. ಅವನ್ನು ಕೊರೆದವರಿಗೆ ನಮ್ಮ ಅಕ್ಷರ ಓದಲು ಬರುತ್ತಿರಲಿಲ್ಲ. ಚಿತ್ರ ನೋಡಿದ ಹಾಗೆ ನೋಡಿ ಕೊರೆದಿದ್ದಾರೆ.

ನನಗೆ ನಿಮ್ಮ ಕೈ ಬೇಕು. ನೀವೂ ಬುನ್ನಾಮಳೂ ಒಂದೇ ಅಜ್ಜಿಯ ಪಕ್ಕದಲ್ಲಿ ಕೂತು ಕಲಿತವರು, ಇಬ್ಬರ ಬರಹವೂ ಒಂದೇ. ಅವಳ ಪತ್ರಗಳು ಒಂದು ಪೆಟ್ಟಿಗೆ ತುಂಬ ಇದ್ದವು. ಹೆಂಗಸು ಬರೆದದ್ದು ಅವಳ ಜೊತೆಗೇ ಹೋಗಬೇಕೆಂಬ ಪದ್ಧತಿ ಮೀರಬಾರದೆಂದು ಅಷ್ಟನ್ನೂ ಕೈಯಾರೆ ಶವಪೆಟ್ಟಿಗೆಯಲ್ಲಿಟ್ಟೆ. ಅಕ್ಷರ ಮಾರಿ ಅನ್ನ ತಿನ್ನುವ ನಾನು ಒಂದು ಹಾಳೆಯನ್ನೂ ಉಳಿಸಿಕೊಳ್ಳಲಿಲ್ಲ.

ಒಂದೊಂದು ಕಾಗುಣಿತಕ್ಕೂ ಒಂದೊಂದು ಮೊಳೆ ಬೇಕು. ಒಟ್ಟು ಸಾವಿರದ ಮುನ್ನೂರು. ನೀವು ಬರೆದುಕೊಟ್ಟರೆ ನಮ್ಮ ತಾಕ್ ಮೇಸ್ತ್ರಿ ದಿನಕ್ಕೆ ಹತ್ತರಂತೆ ಮರದ ತುಂಡಿನ ಮೇಲೆ ಕೆತ್ತುತ್ತಾನೆ. ಅದರಿಂದ ತಾಮ್ರದ ಅಚ್ಚು ತೆಗೆಸಿ, ಅದರಲ್ಲಿ ಸೀಸ ಹೊಯ್ಯಬೇಕು. ತಾಮ್ರದ ಕಾರ್ಖಾನೆಯವರು ಬರುವ ಜೂನ್ ಕೊನೆಯವರೆಗೆ ಮಾತ್ರ ನಮ್ಮ ಕೆಲಸ ತೆಗೆದುಕೊಳ್ಳುತ್ತಾರೆ. ಆಮೇಲೆ ತಾಮ್ರವೆಲ್ಲ ಯುದ್ಧಕ್ಕೆ. ಆಮೇಲೆ ಯಾರ ಕೈ ಸಿಕ್ಕಿದರೂ ನನಗೆ ಉಪಯೋಗವಿಲ್ಲ.

ಕಾಲೇಜಿನಲ್ಲಿ ಅಮೆರಿಕದ ಮೇಷ್ಟ್ರೊಬ್ಬರು ನನ್ನನ್ನು ನೋಡಿದಾಗಲೆಲ್ಲ, “ಮಿಸ್ಟರ್ ಪ್ಯೋ, ಯು ಆರ್ ವೆರಿ…” ಎಂದು ಒಂದು ದೊಡ್ಡ ಪದ ಹೇಳುತ್ತಿದ್ದರು. ಪದ ಮರೆತುಹೋಗಿದೆ. ಹೊಗಳಿಕೆಯೇ ಇರಬೇಕು.

ಒಪ್ಪಿಗೆ ಬರೆಯಿರಿ.

ಪ್ಯೋ ಇನ್‌ಹ್ವಾನ್


ಆಂದೋಂಗ್ ಸೀಮೆ, ಸೊಲಾನ್
೨೫ ಅಕ್ಟೋಬರ್ ೧೯೩೮

ಮೈದುನರಿಗೆ,

ಪತ್ರ ತಲುಪಿತು. ಕೆಂಪು ಹಣ್ಣು ಪೂರ್ವಕ್ಕೆ, ಬಿಳಿಯದು ಪಶ್ಚಿಮಕ್ಕೆ.

ನೀವು ಕೇಳಿದ್ದು ಆಗದ ಮಾತು. ಈ ಮನೆಯ ಹೆಂಗಸರ ಕೈಬರಹ ಒಳಮನೆಯ ಹೊಸಿಲು ದಾಟುವುದಿಲ್ಲ. ದಾಟಿದರೂ ನೆಂಟರ ಮನೆ ಸೇರಿ ಅಲ್ಲೇ ಉಳಿಯಬೇಕು. ಸಂತೆಯ ಚಾಪೆಯ ಮೇಲೆ ನನ್ನ ಕೈ ಬಿದ್ದಿದ್ದು, ಹಾದುಹೋಗುವ ಗಂಡಸು ಅದನ್ನೆತ್ತಿ ಹೆಬ್ಬೆಟ್ಟು ಎಂಜಲು ಮಾಡಿಕೊಂಡು ತಿರುವಿ ನೋಡುವುದೆ? ಮಾವನವರಿಗೆ ಎಂಬತ್ತೊಂದು. ಓದು ಎಂದರೆ ಅವರಿಗೆ ಚೀನೀ ಲಿಪಿಯ ಓದು. ನಮ್ಮ ಅಕ್ಷರ ಹೆಂಗಸರ ಗೀಚು. ಈ ವಿಷಯವನ್ನು ಅವರ ಕಿವಿಗೆ ಹಾಕುವ ಧೈರ್ಯ ನನಗಿಲ್ಲ, ಮನಸ್ಸೂ ಇಲ್ಲ.

ತಂಗಿಯ ಪತ್ರಗಳನ್ನು ಅವಳ ಜೊತೆ ಕಳಿಸಿದ್ದು ಸರಿಯಾಗಿದೆ.

ಸಿಯೋಲ್‌ಗೆ ಹೊರಟ ನೆಂಟರ ಕೈಯಲ್ಲಿ ಸೋಯಾ ಕಾಳಿನ ರಸ ಒಂದು ಜಾಡಿ ಕಳಿಸಿದ್ದೇನೆ. ಬಿಸಿಲಿದ್ದಾಗ ಮುಚ್ಚಳ ತೆಗೆದಿಡಿ.

ಅತ್ತಿಗೆ


ಸಿಯೋಲ್
೯ ನವೆಂಬರ್ ೧೯೩೮

ಅತ್ತಿಗೆಯವರಿಗೆ,

ನಿಮ್ಮ ಮಾತಿನ ಮೇಲೆ ಮಾತಿಲ್ಲ. ಅಚ್ಚಿನ ವಿಷಯ ಅಲ್ಲಿಗೆ ಬಿಟ್ಟೆ. ಇನ್ನು ಅದರ ಸುದ್ದಿ ಎತ್ತುವುದಿಲ್ಲ.

ಜಾಡಿ ಒಡೆಯದೆ ಬಂತು. ನಿನ್ನೆ ಅನ್ನಕ್ಕೆ ಒಂದು ಚಮಚ ಹಾಕಿಕೊಂಡೆ, ಬೇರೇನೂ ಬೇಕಾಗಲಿಲ್ಲ. ನಮ್ಮ ಅಡುಗೆಯಾಕೆ ಮಾಡುವ ರಸ ಬರೀ ಉಪ್ಪುನೀರು. ನೀವು ಇದನ್ನು ಹೇಗೆ ಮಾಡುತ್ತೀರಿ? ಕಾಳು ನೆನೆಸುವುದರಿಂದ ಹಿಡಿದು ಜಾಡಿಯ ಬಾಯಿ ಕಟ್ಟುವವರೆಗೆ ಒಂದೂ ಬಿಡದೆ ಬರೆಯಿರಿ. ಎಷ್ಟು ಉದ್ದವಾದರೂ ಚಿಂತೆಯಿಲ್ಲ. ಒಲೆ, ಪಾತ್ರೆ, ಹುಲ್ಲು, ಹವೆ, ಯಾರು ಯಾವ ಕೆಲಸ ಮಾಡುತ್ತಾರೆ, ಯಾರು ಕೆಡಿಸುತ್ತಾರೆ, ಎಲ್ಲವೂ ಬೇಕು.

ಇನ್ನೊಂದು ಮಾತು. ನನ್ನ ಕಣ್ಣು ಮಂದವಾಗಿದೆ. ಅಕ್ಷರ ಸ್ವಲ್ಪ ದೊಡ್ಡದಾಗಿರಲಿ, ಹಾಳೆಯ ಒಂದೇ ಮಗ್ಗುಲಲ್ಲಿ ಬರೆಯಿರಿ. ಮಸಿ ಗಟ್ಟಿಯಾಗಿದ್ದರೆ ಇನ್ನೂ ಒಳ್ಳೆಯದು.

ಪ್ಯೋ ಇನ್‌ಹ್ವಾನ್


ಸೊಲಾನ್
೨೮ ನವೆಂಬರ್ ೧೯೩೮

ಮೈದುನರಿಗೆ,

ಕಾಳು ನೆನೆಸುವುದು ಹೇಗೆಂದು ಗಂಡಸು ಕೇಳಿದ್ದನ್ನು ನಾನು ಎಲ್ಲೂ ಕಂಡಿಲ್ಲ. ಇರಲಿ, ಕೇಳಿದಿರಿ, ಹೇಳುತ್ತೇನೆ. ಕಣ್ಣಿಗೆ ಕುರಿಯ ಈಲಿ ಒಳ್ಳೆಯದಂತೆ.

ಕಾಳನ್ನು ಒಂದು ಹಗಲು ಒಂದು ಇರುಳು ನೆನೆಸಬೇಕು. ಬೆರಳಲ್ಲಿ ಹಿಚುಕಿದರೆ ಮಗುವಿನ ಕಿವಿಯಂತೆ ಮೆತ್ತಗಾಗುವವರೆಗೆ ಬೇಯಿಸಬೇಕು. ಕುಟ್ಟಿ ಇಟ್ಟಿಗೆಯಂತೆ ತಟ್ಟಿ, ಭತ್ತದ ಹುಲ್ಲಿನಲ್ಲಿ ಕಟ್ಟಿ ಬೆಚ್ಚಗಿನ ಕೋಣೆಯಲ್ಲಿ ತೂಗುಹಾಕಬೇಕು. ಕೋಣೆಯೆಲ್ಲ ಹಳೆಯ ಕಾಲುಚೀಲದ ವಾಸನೆ ಬರುತ್ತದೆ. ಹೊಸ ಸೊಸೆಯರು ಮೂಗು ಮುಚ್ಚಿಕೊಳ್ಳುತ್ತಾರೆ. ನಾನೂ ಮುಚ್ಚಿಕೊಂಡಿದ್ದೆ, ಅತ್ತೆ ಕೈಗೆ ಸೌಟಿನಲ್ಲಿ ಹೊಡೆದಿದ್ದರು. ಬಿಳಿ ಬೂಷ್ಟು ಬಂದರೆ ನಗಬೇಕು, ಕಪ್ಪು ಬಂದರೆ ಅಳಬೇಕು. ಹೊಸ ವರ್ಷ ಕಳೆದ ಮೇಲೆ ತೊಳೆದು ಉಪ್ಪುನೀರಿಗೆ ಹಾಕುವುದು. ಉಪ್ಪುನೀರಲ್ಲಿ ಮೊಟ್ಟೆ ಬಿಟ್ಟರೆ ತೇಲಬೇಕು, ನಾಣ್ಯದಷ್ಟು ಮಾತ್ರ ಮೇಲೆ ಕಾಣಬೇಕು. ನಮ್ಮ ಎರಡನೆಯವಳ ಕೈಗೆ ಉಪ್ಪಿನ ಅಂದಾಜು ಹತ್ತುವುದೇ ಇಲ್ಲ. ಅವಳು ಹಾಕಿದ ವರ್ಷ ಮೊಟ್ಟೆ ತಳಕ್ಕೆ ಹೋಗಿ ಕೂತಿತು, ಬೇಸಿಗೆಯಲ್ಲಿ ಜಾಡಿಯೊಳಗೆ ಹುಳು ಎದ್ದಿತು. ಆ ಓರಗಿತ್ತಿಗೆ ಇದನ್ನು ನಾನು ಎಂದೂ ಹೇಳಿಲ್ಲ. ನಿಮಗೆ ಹೇಳಿದೆ.

ಮೇಲೆ ಕೆಂಡ ಮುಳುಗಿಸಬೇಕು, ಒಣಮೆಣಸಿನಕಾಯಿ ಬಿಡಬೇಕು. ಉಳಿದದ್ದು ಬಿಸಿಲಿನ ಕೆಲಸ.

ಐದು ಹಾಳೆಯಾಯಿತು. ಇಷ್ಟು ಬರೆದದ್ದು ಯಾವಾಗಲೋ ನೆನಪಿಲ್ಲ.

ಅತ್ತಿಗೆ


ಸಿಯೋಲ್
೧೧ ಜನವರಿ ೧೯೩೯

ಅತ್ತಿಗೆಯವರಿಗೆ,

ಐದು ಹಾಳೆಯನ್ನೂ ಎಷ್ಟು ಜತನದಿಂದ ನೋಡಿದೆನೆಂದರೆ, ಒಂದೊಂದು ಸಾಲೂ ಬಾಯಿಗೆ ಬರುತ್ತದೆ. ಆಮೇಲೆ ನೀವು ಬರೆದ ಉಪ್ಪಿನಕಾಯಿಯ ಪತ್ರ, ಬಟ್ಟೆಗೆ ಗಂಜಿ ಹಾಕಿ ಬಡಿಯುವ ಪತ್ರ, ಅವೂ ಬಂದವು. ಕೃತಜ್ಞ.

ಈಗ ಕೇಳಬೇಕೆನಿಸಿದ್ದನ್ನು ಕೇಳುತ್ತೇನೆ. ನಿಮ್ಮ ತವರಿನ ಹಿಂದಿನ ಗುಡ್ಡದಲ್ಲಿ ಯಾವ ಯಾವ ಹಕ್ಕಿಗಳಿದ್ದವು? ಹೆಸರು ಮಾತ್ರ ಸಾಲದು, ಅವು ಹೇಗೆ ಕೂಗುತ್ತಿದ್ದವೋ ಹಾಗೇ ಬರೆಯಿರಿ. ಚಿಕ್ಕವರಿದ್ದಾಗ ನೀವೂ ಬುನ್ನಾಮಳೂ ಜಗಳವಾಡುವಾಗ ಏನೇನು ಬೈದುಕೊಳ್ಳುತ್ತಿದ್ದಿರಿ? ಸಂಕೋಚ ಬೇಡ. ಬೈಗುಳಗಳು ಎಷ್ಟು ಒರಟಾಗಿದ್ದರೆ ಅಷ್ಟು ಒಳ್ಳೆಯದು.

ಇಲ್ಲಿ ಎಲ್ಲ ಕ್ಷೇಮ. ಹಿಂದಿನ ಕೋಣೆಯಲ್ಲಿ ತಾಕ್ ಮೇಸ್ತ್ರಿ ಕೆತ್ತುತ್ತ ಕೂತಿರುವ ಸದ್ದು ಕೇಳುತ್ತಿದೆ. ಯಾರದೋ ಮನೆಬಾಗಿಲಿನ ಹೆಸರು ಹಲಗೆ ಕೆತ್ತುತ್ತಿದ್ದಾನೆ.

ಪ್ಯೋ ಇನ್‌ಹ್ವಾನ್


ಸೊಲಾನ್
೨೪ ಫೆಬ್ರವರಿ ೧೯೩೯

ಮೈದುನರಿಗೆ,

ಹೊಸ ವರ್ಷದ ಎಡೆಗಳು, ನೆಂಟರ ನಮಸ್ಕಾರಗಳು ಮುಗಿಯುವುದಕ್ಕೆ ಐದು ದಿನ ಹಿಡಿಯಿತು. ಸೊಂಟ ಬಿದ್ದುಹೋಗಿದೆ. ಅದಕ್ಕೇ ತಡ.

ಹಕ್ಕಿಗಳನ್ನು ಮೊದಲ ಮೂರು ಹಾಳೆಯಲ್ಲಿ ಬರೆದಿದ್ದೇನೆ. ಕೋಗಿಲೆ ನಮ್ಮ ಕಡೆ ಬೇರೆ ಕೂಗುತ್ತದೆ, ಸಿಯೋಲ್‌ನವರು ಬರೆಯುವ ಹಾಗಲ್ಲ. ಬೈಗುಳಗಳು ನಾಲ್ಕನೆಯ ಹಾಳೆಯಲ್ಲಿವೆ. ಓದಿ ಹಾಳೆ ಸುಡಿ. ತಂಗಿ ನನಗೆ “ಹಳಸಿದ ನವಣೆ ಗಂಜಿ ಮೋರೆಯವಳೇ” ಅನ್ನುತ್ತಿದ್ದಳು. ತಾನು ಗಂಡನ ಮನೆಗೆ ಹೊರಟ ದಿನ ಪಲ್ಲಕ್ಕಿಯೊಳಗಿಂದ ಮೆಲ್ಲಗೆ ಅದನ್ನೇ ಅಂದಳು. ನಾನು ನಗುತ್ತ ನಗುತ್ತಲೇ ಅತ್ತುಬಿಟ್ಟೆ. ಸುತ್ತ ಇದ್ದವರು ಅಗಲಿಕೆಗೆ ಅಳುತ್ತಿದ್ದಾಳೆ ಅಂದುಕೊಂಡರು.

ಈಗ ದೊಡ್ಡವಳಾಗಿ ಒಂದು ಮಾತು. ರಸ ಕೇಳುತ್ತೀರಿ, ಉಪ್ಪಿನಕಾಯಿ ಕೇಳುತ್ತೀರಿ, ಹಕ್ಕಿ ಕೇಳುತ್ತೀರಿ. ಇದು ಒಂಟಿತನ, ಮೈದುನರೇ. ಎರಡು ವರ್ಷ ಕಳೆಯಿತು. ಪಕ್ಕದ ಹಳ್ಳಿಯಲ್ಲಿ ಕ್ವಾಕ್ ಮನೆತನದ ವಿಧವೆಯೊಬ್ಬಳಿದ್ದಾಳೆ. ನಲವತ್ತಾರು. ಕೈ ಅಡುಗೆಗೂ ಸರಿ, ಬಾಯಿ ಜಗಳಕ್ಕೂ ಸರಿ. ಹಲ್ಲು ಎಲ್ಲ ಇವೆ. ನಿಮಗೆ ಒಪ್ಪಿಗೆಯಾದರೆ ನಾನು ಮಾತು ಎತ್ತುತ್ತೇನೆ. ತಂಗಿ ಬೇಸರಪಡುವುದಿಲ್ಲ. ಪಟ್ಟರೂ ಬೈಯುವುದು ನನ್ನನ್ನೇ.

ಈ ಮನೆಗೆ ಬಂದು ಮೂವತ್ತೆಂಟು ವರ್ಷ. ಯಜಮಾನರು ಬದುಕಿದ್ದಾಗಲೂ ಎಷ್ಟು ಜನ ಉಂಡರು, ಎಷ್ಟು ಜಾಡಿ ಉಳಿದಿದೆ ಎಂದು ಕೇಳಿದವರಿದ್ದಾರೆ. ನನ್ನ ತವರಿನ ಗುಡ್ಡದಲ್ಲಿ ಯಾವ ಹಕ್ಕಿ ಕೂಗುತ್ತಿತ್ತೆಂದು ಒಬ್ಬರೂ ಕೇಳಿರಲಿಲ್ಲ. ನಿಮ್ಮ ಪತ್ರ ಬಂದ ದಿನ ಪಾತ್ರೆ ತೊಳೆಯುತ್ತ ಒಂದೊಂದಾಗಿ ನೆನಪು ಮಾಡಿಕೊಂಡೆ. ಹದಿನೇಳು ಹಕ್ಕಿ ಸಿಕ್ಕವು.

ಅತ್ತಿಗೆ


ಸಿಯೋಲ್
೨೭ ಮಾರ್ಚ್ ೧೯೩೯

ಅತ್ತಿಗೆಯವರಿಗೆ,

ಕ್ವಾಕ್ ಮನೆತನದ ಆಕೆಗೆ ನನ್ನ ನಮಸ್ಕಾರ ಹೇಳಿ, ಹಲ್ಲುಗಳು ಹಾಗೇ ಗಟ್ಟಿಯಾಗಿರಲಿ. ನನಗೆ ಮದುವೆ ಬೇಡ. ನನಗಿರುವುದು ಒಂದೇ ಹಟ, ಅದರ ಜೊತೆಗೇ ಸಂಸಾರ ಸಾಗುತ್ತಿದೆ.

ಮುಂದಿನ ವಾರ ಸಮಾಧಿಗಳಿಗೆ ಎಡೆ ಇಡುವ ದಿನ ಬರುತ್ತದಲ್ಲ, ದೊಡ್ಡಮನೆಯ ಎಡೆಗೆಂದು ಒಣಗಿಸಿದ ಹಳದಿ ಮೀನು ಇಪ್ಪತ್ತು ಕಳಿಸುತ್ತಿದ್ದೇನೆ. ಪಶ್ಚಿಮ ಕರಾವಳಿಯ ಒಳ್ಳೆಯ ಮಾಲು. ರೈಲಿನ ಹೊತ್ತಾಗಿತ್ತು, ಕೈಗೆ ಸಿಕ್ಕ ಅಂಗಡಿಯ ಕಾಗದದಲ್ಲಿ ಸುತ್ತಿ ಕಟ್ಟಿಬಿಟ್ಟೆ, ಕಟ್ಟು ಅಂದವಾಗಿಲ್ಲ, ಮನ್ನಿಸಬೇಕು.

ಮುಂದಿನ ಪತ್ರದಲ್ಲಿ ಜ್ವರ ಬಂದರೆ ಏನು ಕಷಾಯ, ಕೋಳಿ ಕಾವು ಕೂರಿಸುವುದು ಹೇಗೆ, ಬರೆಯಿರಿ. ಹೊಳೆಯಲ್ಲಿ ಸಿಗುವ ಚಿಕ್ಕ ಮೀನುಗಳ ಹೆಸರೂ ಬೇಕು.

ಪ್ಯೋ ಇನ್‌ಹ್ವಾನ್


ಸೊಲಾನ್
೭ ಏಪ್ರಿಲ್ ೧೯೩೯

ಪ್ಯೋ ಅವರಿಗೆ,

ಮೀನು ಬಂತು. ನಿನ್ನೆ ಜಗುಲಿಯ ಮೇಲೆ ಮಾವನವರ ಮುಂದೆಯೇ ಓರಗಿತ್ತಿ ಕಟ್ಟು ಬಿಚ್ಚಿದಳು. ಕಾಗದ ಎಸೆಯಲು ಹೊರಟವಳನ್ನು ಮಾವನವರು ತಡೆದರು.

“ತಾ ಇಲ್ಲಿ ಅದನ್ನ. ಯಾರ ಕೈ ಇದು?”

“ಯಾರ ಕೈನೂ ಅಲ್ಲ ಮಾವ, ಅಚ್ಚಿನ ಕಾಗದ.”

“ನಂಗೇ ಹೇಳ್ತೀಯಾ? ನಲವತ್ತು ವರ್ಷದಿಂದ ಅವಳು ಬರೆಯೋ ಎಡೆ ಪಟ್ಟಿ ನೋಡ್ತಿದೀನಿ. ಇದು ದೊಡ್ಡ ಸೊಸೆ ಕೈ.”

ಹೆಂಗಸರ ಗೀಚು ಓದಲು ಬಾರದೆಂದು ಇಷ್ಟು ವರ್ಷ ನಟಿಸಿದವರು, ಮೀನಿನ ಹುರುಪೆ ಹತ್ತಿದ ಆ ಕಾಗದವನ್ನು ಚಾಚಿ ಹಿಡಿದು ಎಲ್ಲರಿಗೂ ಕೇಳುವ ಹಾಗೆ ಗಡಗಡ ಓದಿದರು. ಮೊಟ್ಟೆ ನಾಣ್ಯದಷ್ಟು ಕಾಣಬೇಕು. ಎರಡನೆಯವಳ ಕೈಗೆ ಉಪ್ಪಿನ ಅಂದಾಜು ಹತ್ತುವುದೇ ಇಲ್ಲ. ಬೇಸಿಗೆಯಲ್ಲಿ ಹುಳು ಎದ್ದಿತು. ಎರಡನೆಯವಳು ಅಲ್ಲೇ ಕೈಯಲ್ಲಿ ಮೀನು ಹಿಡಿದುಕೊಂಡು ನಿಂತಿದ್ದಳು.

“ಅಕ್ಕಾ, ನನ್ನ ಉಪ್ಪಿನ ಕಥೆ ಸಿಯೋಲ್‌ವರೆಗೂ ಹೋಯ್ತಾ?”

ಮಾವನವರೇ ಉತ್ತರ ಕೊಟ್ಟರು. “ಬರೆದಿದ್ದು ಸುಳ್ಳಲ್ವಲ್ಲ. ಆದ್ರೆ ಅಕ್ಷರ ಇರೋ ಕಾಗದದಲ್ಲಿ ಮೀನು ಸುತ್ತೋನು ಎಂಥಾ ಮನುಷ್ಯ?”

ಇದಿಷ್ಟೂ ನಾನು ತಡೆದುಕೊಳ್ಳುತ್ತೇನೆ. ಓರಗಿತ್ತಿ ಎರಡು ದಿನ ಮುಖ ಊದಿಸಿಕೊಂಡಿರುತ್ತಾಳೆ, ಮೂರನೆಯ ದಿನ ಸರಿಹೋಗುತ್ತಾಳೆ. ಬೇಡವೆಂದದ್ದನ್ನು ಕದ್ದು ಮಾಡಿದಿರಿ, ಅದನ್ನೂ ತಡೆದುಕೊಳ್ಳುತ್ತೇನೇನೋ.

ಆದರೆ ಆ ಹದಿನೇಳು ಹಕ್ಕಿ. ನಿಮಗೆ ಹಕ್ಕಿ ಬೇಕಿರಲಿಲ್ಲ. ತಂಗಿಯ ಬೈಗುಳ ಬೇಕಿರಲಿಲ್ಲ. ಅಕ್ಕಿಯಲ್ಲಿ ಕಲ್ಲು ಆರಿಸಿದ ಹಾಗೆ ನನ್ನ ಮಾತಿನಲ್ಲಿ ಅಕ್ಷರ ಆರಿಸುತ್ತಿದ್ದಿರಿ. ಕೋಳಿ ಕಾವಿನ ಬಗ್ಗೆ ಮೂರು ಹಾಳೆ ಬರೆದಿಟ್ಟಿದ್ದೆ. ಒಲೆಗೆ ಹಾಕಿದೆ.

ಇನ್ನು ಇಲ್ಲಿಂದ ಪತ್ರ ಬರುವುದಿಲ್ಲ.


ಸಿಯೋಲ್
೧೩ ಏಪ್ರಿಲ್ ೧೯೩೯

ಅತ್ತಿಗೆಯವರಿಗೆ,

ಅದು ನೂರಾರು ಕರಡು ಹಾಳೆಗಳಲ್ಲಿ ಒಂದು. ಹೊಸ ಮೊಳೆಗಳನ್ನು ಮೊದಲ ಬಾರಿ ಜೋಡಿಸಿ ಒತ್ತಿ ನೋಡುವಾಗ, ನಿಮ್ಮ ಮಾತುಗಳಿಗೆ ಬೇಕಾದ ಅಕ್ಷರಗಳೆಲ್ಲ ತಯಾರಿದ್ದವಲ್ಲ ಎಂದು ಅದನ್ನೇ ಜೋಡಿಸಿದೆ. ಮೀನು ಸುತ್ತುವಾಗ ಹಾಳೆಯ ಬೆನ್ನು ಮಾತ್ರ ಕಂಡಿತು.

ಮಾಡಿದ್ದನ್ನೆಲ್ಲ ಹೇಳಿಬಿಡುತ್ತೇನೆ. ನಿಮ್ಮ ಪತ್ರ ಬಂದ ಕೂಡಲೇ ತಾಕ್ ಮೇಸ್ತ್ರಿ ತೆಳು ಕಾಗದವನ್ನು ಅದರ ಮೇಲಿಟ್ಟು ಕಿಟಕಿಯ ಬೆಳಕಿಗೆ ಹಿಡಿದು ಹೊಸ ಅಕ್ಷರಗಳನ್ನು ತಿದ್ದಿಕೊಳ್ಳುತ್ತಿದ್ದ. ತಿರುವಿ ಮರಕ್ಕೆ ಅಂಟಿಸಿ ಕೆತ್ತುತ್ತಿದ್ದ. ಮನೆಬಾಗಿಲಿನ ಹಲಗೆ ಎಂದದ್ದು ಸುಳ್ಳು. ಡಿಸೆಂಬರಿನಲ್ಲಿ ಅವನೇ ಅಂದ, “ಯಜಮಾನ್ರೇ, ಈಯಮ್ಮ ಬೈಯೋದೇ ಇಲ್ವಲ್ಲ. ಒಳ್ಳೊಳ್ಳೆ ಅಕ್ಷರ ಎಲ್ಲಾ ಬೈಗುಳದಲ್ಲೇ ಇರೋದು. ಹ್ಯಾಗಾದ್ರೂ ಮಾಡಿ ಬೈಸಿ.” ಹಾಗೆ ಬೈಗುಳ ಕೇಳಿದೆ. ಹಕ್ಕಿಯ ಕೂಗಿನಲ್ಲಿ ಬೇರೆಲ್ಲೂ ಬಾರದ ಕಾಗುಣಿತ ಬರುತ್ತದೆಂದು ಹಕ್ಕಿ ಕೇಳಿದೆ.

ಕೇಳುವಾಗ ನನಗೆ ಬೇಕಿದ್ದದ್ದು ಅಕ್ಷರವೇ. ಅದನ್ನು ಬೇರೆ ಬಣ್ಣ ಹಚ್ಚಿ ಹೇಳುವುದಿಲ್ಲ. ಆದರೆ ಓದುವಾಗ ಬೇರೆಯಾಯಿತು. ಪಲ್ಲಕ್ಕಿಯ ಸಂಗತಿ ಬುನ್ನಾಮ್ ನನಗೆ ಹೇಳಿರಲಿಲ್ಲ. ಇಪ್ಪತ್ತೊಂಬತ್ತು ವರ್ಷ ಜೊತೆಗಿದ್ದೂ ಹೇಳಿರಲಿಲ್ಲ. ಆ ಹಾಳೆಯನ್ನು ಮೇಸ್ತ್ರಿಗೆ ಕೊಡಲೇ ಇಲ್ಲ. “ಅದ್ರಲ್ಲಿ ಆರು ಅಕ್ಷರ ಸಿಗುತ್ತೆ, ಕೊಡಿ” ಎಂದು ಅವನು ಕೇಳುತ್ತಲೇ ಇದ್ದಾನೆ.

ಇಷ್ಟಾದರೂ ನಾನು ಕೈಬಿಡುವುದಿಲ್ಲ. ನೀವು ನನ್ನ ಮುಖ ನೋಡದಿದ್ದರೂ ಸರಿ. ಸಾವಿರದ ನಾಲ್ಕು ಅಕ್ಷರ ಆಗಿದೆ. ಇನ್ನೂರ ತೊಂಬತ್ತಾರು ಬಾಕಿ. ಜೂನ್ ಕೊನೆಗೆ ತಾಮ್ರದ ಬಾಗಿಲು ಮುಚ್ಚುತ್ತದೆ. ಬಾಕಿ ಇರುವುದರ ಪಟ್ಟಿಯನ್ನು ಇದರೊಂದಿಗೆ ಇಟ್ಟಿದ್ದೇನೆ. ಈ ಬಾರಿ ಕದಿಯುತ್ತಿಲ್ಲ, ಬಾಗಿಲಲ್ಲಿ ನಿಂತು ಕೇಳುತ್ತಿದ್ದೇನೆ. ಬೇಡವೆಂದು ಒಂದು ಸಾಲು ಬರೆದರೆ ಆಗಿರುವ ಸಾವಿರದ ನಾಲ್ಕನ್ನೂ ಕರಗಿಸಿ ಬೇರೆ ಕೈ ಹುಡುಕುತ್ತೇನೆ. ಪುಸ್ತಕ ಮಾತ್ರ ಬಿಡುವುದಿಲ್ಲ.

ಪ್ಯೋ ಇನ್‌ಹ್ವಾನ್


ಸೊಲಾನ್
೪ ಮೇ ೧೯೩೯

ಇನ್ನೂರ ತೊಂಬತ್ತಾರು ಅಕ್ಷರ, ನಿಮ್ಮ ಪಟ್ಟಿಯ ಕ್ರಮದಲ್ಲೇ, ಜೊತೆಯ ಹಾಳೆಯಲ್ಲಿವೆ. ಒಂದೂ ಬಿಟ್ಟಿಲ್ಲ. ಕರಗಿಸಬೇಡಿ. ಇದು ನಿಮಗಾಗಿ ಬರೆದದ್ದಲ್ಲ, ಅಜ್ಜಿ ಇಲ್ಲದ ಹುಡುಗಿಯರಿಗೆ.

ಉತ್ತರ ಬೇಕಾಗಿಲ್ಲ.


ಸಿಯೋಲ್
೧೧ ಮೇ ೧೯೩೯

ಅತ್ತಿಗೆಯವರಿಗೆ,

ಉತ್ತರ ಬೇಡವೆಂದಿರಿ. ಕೊಡುತ್ತಿದ್ದೇನೆ. ಹಾಳೆಯನ್ನೂ ವಾಪಸು ಕಳಿಸುತ್ತಿದ್ದೇನೆ.

ಹಾಳೆ ಬಂದ ದಿನ ಕುಣಿಯುವುದೊಂದು ಬಾಕಿ. ಮೇಸ್ತ್ರಿಯ ಮುಂದೆ ಇಟ್ಟೆ. ಅವನು ಕನ್ನಡಕ ತೆಗೆದ, ಒರೆಸಿದ, ಹಾಕಿಕೊಂಡ.

“ಇದು ಯಾರ್ದು?”

“ಅದೇ ಅತ್ತಿಗೆಯವರದು.”

“ಅಲ್ಲ ಬಿಡಿ. ಆಯಮ್ಮ ಬರೆದ್ರೆ ಒಂದಕ್ಷರ ಇನ್ನೊಂದರ ಕಡೆ ನಡ್ಕೊಂಡು ಹೋಗುತ್ತೆ. ಇವು ಪೊಲೀಸ್ ಠಾಣೇಲಿ ಹಾಜರಿ ಹಾಕ್ಸಿದ ಹಾಗೆ ನಿಂತಿವೆ.”

“ಕೆತ್ತಯ್ಯಾ ಸುಮ್ನೆ. ದಿನ ಎಷ್ಟಿದೆ ಅಂತ ಗೊತ್ತಲ್ಲ?”

“ಕೆತ್ತ್‌ತೀನಿ, ನಂಗೇನು. ಆ ಸಾವಿರದ ಪಕ್ಕ ಇವನ್ನ ಕೂರ್ಸಿದ್ರೆ ಮದುವೆ ಮನೇಲಿ ಸಾಲಗಾರ ಬಂದು ಕೂತ ಹಾಗಿರುತ್ತೆ. ನೀವೇ ನೋಡಿ.”

ಎರಡು ಕೆತ್ತಿಸಿದೆ. ನೋಡಿದೆ. ಅವನು ಹೇಳಿದ್ದು ನಿಜ. ಅಕ್ಷರಗಳನ್ನು ಒಂದೊಂದಾಗಿ ಬರೆದುಕೊಡಿ ಎಂದು ಮೊದಲ ಪತ್ರದಲ್ಲೇ ಕೇಳಿದವನು ನಾನು. ಇಪ್ಪತ್ತಾರು ವರ್ಷ ಈ ಕಸುಬು ಮಾಡಿದ ಮೇಲೂ ನನಗೆ ತಿಳಿದಿರಲಿಲ್ಲ. ನೀವು ಅಂದು ಒಪ್ಪಿದ್ದರೆ ಸಾವಿರದ ಮುನ್ನೂರೂ ಹೀಗೇ ಬರುತ್ತಿದ್ದವು, ನಾನು ಹೀಗೇ ಅಚ್ಚು ಹಾಕುತ್ತಿದ್ದೆ. ಯಾರಿಗೋ ಏನನ್ನೋ ಹೇಳುವಾಗ ಮಾತ್ರ ನಿಮ್ಮ ಕೈ ನಿಮ್ಮ ಕೈಯಾಗಿರುತ್ತದೆ.

ಆದ್ದರಿಂದ ಇವು ಬೇಡ. ನನಗೆ ಪತ್ರ ಬೇಕು. ಸಿಟ್ಟಿನದಾದರೂ ಸರಿ. ನನ್ನ ಮೇಲೆ ಬೇಡವಾದರೆ ಓರಗಿತ್ತಿಗೆ ಬರೆಯಿರಿ, ಬುನ್ನಾಮಳಿಗೆ ಬರೆಯಿರಿ, ನಾನು ಅಂಚೆಯವನಂತೆ ತೆಗೆದುಕೊಳ್ಳುತ್ತೇನೆ. ಬರದಿದ್ದರೆ ಇನ್ನೂರ ತೊಂಬತ್ತಾರು ಕಡೆ ಜಾಗ ಖಾಲಿ ಬಿಟ್ಟೇ ಪುಸ್ತಕ ಅಚ್ಚು ಹಾಕುತ್ತೇನೆ, ಓದುವ ಹುಡುಗಿಯರೇ ಪೆನ್ಸಿಲಿನಲ್ಲಿ ತುಂಬಿಕೊಳ್ಳಲಿ. ನಗಬೇಡಿ, ಮೇಸ್ತ್ರಿಗೆ ಆಗಲೇ ಹೇಳಿದ್ದೇನೆ, ಅವನು ನಕ್ಕಾಯಿತು.

ಅಂದಹಾಗೆ ಆ ಮೇಷ್ಟ್ರ ಪದ ನೆನಪಿಗೆ ಬಂತು. ಅಬ್ಸ್ಟಿನೇಟ್. ನಿಘಂಟು ತೆಗೆದು ನೋಡಿದೆ, ಹಟಮಾರಿ ಎಂದಿದೆ. ಹೊಗಳಿಕೆಯಲ್ಲ.

ಮೇ ತಿಂಗಳ ಕೊನೆಯೊಳಗೆ ಬಂದರೆ ಮೇಸ್ತ್ರಿ ಭಾನುವಾರವೂ ಕೂತು ಮುಗಿಸುತ್ತಾನಂತೆ.

ಪ್ಯೋ ಇನ್‌ಹ್ವಾನ್


ಸೊಲಾನ್
೨೭ ಮೇ ೧೯೩೯
ಹಾಳೆ ಇಪ್ಪತ್ತೆರಡು, ಕೊನೆಯದು

ಹಿಂದಿನ ಹಾಳೆಗಳನ್ನು ಕ್ರಮವಾಗಿ ಓದಿರಬೇಕು ನೀವು. ಮೊದಲ ನಾಲ್ಕು ಹಾಳೆ ನಿಮ್ಮನ್ನು ಬೈದದ್ದು. ಅವನ್ನು ಬರೆಯುವಾಗ ಪಟ್ಟಿಯನ್ನು ನೋಡಲೇ ಇಲ್ಲ, ಆದರೂ ಮುಗಿಸಿ ನೋಡಿದರೆ ತೊಂಬತ್ತು ಅಕ್ಷರ ಬಂದಿತ್ತು. ಮೇಸ್ತ್ರಿ ಸಂತೋಷಪಡಲಿ. ಆಮೇಲೆ ಕೋಳಿ ಕಾವು, ಅತ್ತೆಯ ಕೊನೆಯ ಕಾಯಿಲೆ, ನಾನು ಒಮ್ಮೆ ಹೊಳೆ ದಾಟಿ ತವರಿಗೆ ಓಡಿಹೋಗಲು ಹೊರಟು ದೋಣಿಯವನಿಗೆ ಹೆದರಿ ವಾಪಸು ಬಂದದ್ದು. ಅದನ್ನು ಯಾರಿಗೂ ಹೇಳಿರಲಿಲ್ಲ. ಒಂದೊಂದು ಅಕ್ಷರ ಬಂದಾಗಲೂ ಪಟ್ಟಿಯಲ್ಲಿ ಗೀಟು ಹಾಕುತ್ತ ಬಂದೆ.

ಮೂರು ಅಕ್ಷರಗಳಿಗೆ ಎಷ್ಟು ಯೋಚಿಸಿದರೂ ಮಾತು ಸಿಗಲಿಲ್ಲ. ಕೊನೆಗೆ ಓರಗಿತ್ತಿಯನ್ನು ಕೇಳಿದೆ. “ಅಯ್ಯೋ ಅಕ್ಕಾ, ಅದು ನಮ್ಮೂರಲ್ಲಿ ಹೋರಿ ಓಡ್ಸೋವಾಗ ಹೇಳೋದು, ನಿಮ್ಮಂಥೋರ ಬಾಯಲ್ಲಿ ಬರಬಾರ್ದು” ಎಂದು ಸೆರಗು ಬಾಯಿಗಿಟ್ಟುಕೊಂಡು ಹೇಳಿಕೊಟ್ಟಳು. ಹದಿನೇಳನೆಯ ಹಾಳೆಯಲ್ಲಿದೆ. ತನ್ನ ಉಪ್ಪಿನ ಸಾಲೂ ಪುಸ್ತಕದಲ್ಲಿ ಸೇರಲಿ, ಬಿಡುವುದು ಬೇಡ ಎಂದಿದ್ದಾಳೆ. ಊರಿನಲ್ಲಿ ಅಚ್ಚಾದವಳು ತಾನೊಬ್ಬಳೇ ಎಂದು ಬಾವಿಕಟ್ಟೆಯಲ್ಲಿ ಹೇಳಿಕೊಂಡು ತಿರುಗುತ್ತಿದ್ದಾಳೆ.

ಮಾವನವರಿಗೆ ನಾನೇ ಹೇಳಿದೆ. ತಲೆ ಎತ್ತಿ ಹೇಳಿದೆ, ಮೂವತ್ತೆಂಟು ವರ್ಷದಲ್ಲಿ ಮೊದಲ ಸಲ. ಅವರು ಗಡ್ಡ ನೀವಿಕೊಂಡರು. ಆಮೇಲೆ “ನಮ್ಮನೆ ಕೈ ಸಂತೆಗೆ ಹೋಗೋದಾದ್ರೆ ಕಾಗದ ಒಳ್ಳೇದು ಹಾಕ್ಬೇಕು ಅಂತ ಹೇಳು ಆ ಮೀನಿನವನಿಗೆ” ಅಂದರು. ಈ ಮನೆಯಲ್ಲಿ ನಿಮಗೆ ಇನ್ನು ಅದೇ ಹೆಸರು.

ನಿಮ್ಮ ಪಟ್ಟಿ ಹದಿನೆಂಟನೆಯ ಹಾಳೆಯ ಮಧ್ಯದಲ್ಲೇ ಮುಗಿದಿತ್ತು. ಇನ್ನೂರ ತೊಂಬತ್ತಾರಕ್ಕೂ ಗೀಟು ಬಿತ್ತು. ಕುಂಚ ಕೆಳಗಿಡೋಣವೆಂದುಕೊಂಡೆ, ಕೈ ನಿಲ್ಲಲಿಲ್ಲ. ಅಲ್ಲಿಂದ ಇಲ್ಲಿಯವರೆಗಿನದನ್ನು ಮೇಸ್ತ್ರಿಗೆ ಕೊಡಬೇಡಿ. ಅದರಲ್ಲಿ ಅವನಿಗೆ ಬೇಕಾದದ್ದೇನೂ ಇಲ್ಲ.

ಮೈದುನರೇ, ಈಗ ನಾನು ಕೇಳುತ್ತೇನೆ. ಬೆಳಿಗ್ಗೆ ಏನು ಉಣ್ಣುತ್ತೀರಿ? ತಂಗಿ ಹೋದ ದಿನ ಹವೆ ಹೇಗಿತ್ತು, ಅವಳು ಕೊನೆಗೆ ಏನಂದಳು? ಅಂಗಡಿ ಮುಚ್ಚಿ ಮನೆಗೆ ಹೋದಾಗ ಮೊದಲು ಯಾವ ಕೋಣೆಗೆ ಹೋಗುತ್ತೀರಿ? ಒಂದೂ ಬಿಡದೆ ಬರೆಯಿರಿ. ಚಿಕ್ಕ ಅಕ್ಷರವಾದರೂ ಸರಿ, ಹಾಳೆಯ ಎರಡೂ ಮಗ್ಗುಲಾದರೂ ಸರಿ. ನಾನು ಅದರಲ್ಲಿ ಏನನ್ನೂ ಆರಿಸಿಕೊಳ್ಳುವುದಿಲ್ಲ, ಪೂರ್ತಿ ಓದುತ್ತೇನೆ.

ಅತ್ತಿಗೆ